ಗಡಿ ಸರಿದರೂ ಉಳಿದ ಕಡುಬು: ಪೋಲೆಂಡಿನ ಪಿಯರೋಗಿಯ ಚರಿತ್ರೆ



ಈಸ್ಟರ್ ಹಬ್ಬಕ್ಕೆ ಮುಂಚಿನ ವ್ರತಕಾಲ ಬಂತೆಂದರೆ, ಅಮೆರಿಕದ ಮಹಾಸರೋವರಗಳ ಸೀಮೆಯಲ್ಲಿ ನೆಲೆಸಿರುವ ನಮಗೆ ಒಂದು ನೋಟ ಪರಿಚಿತವಾಗಿದೆ. ಷಿಕಾಗೊ, ಡೆಟ್ರಾಯಿಟ್, ಕ್ಲೀವ್‌ಲ್ಯಾಂಡ್, ಬಫಲೋ ಮೊದಲಾದ ನಗರಗಳ ಹಳೆಯ ಬಡಾವಣೆಗಳಲ್ಲಿ, ಶುಕ್ರವಾರದಂದು ಪಿಯರೋಗಿ ದೊರೆಯುತ್ತದೆಂಬ ಫಲಕಗಳು ಚರ್ಚುಗಳ ಮುಂದೆ ಕಾಣಿಸಿಕೊಳ್ಳುತ್ತವೆ. ಕ್ಯಾಥೊಲಿಕ್ ಸಂಪ್ರದಾಯದವರು ಈ ಶುಕ್ರವಾರಗಳಲ್ಲಿ ಮಾಂಸವನ್ನು ವರ್ಜಿಸುವುದರಿಂದ, ಆಲೂಗಡ್ಡೆ, ಹಸಿ ಚೀಸ್ ಅಥವಾ ಎಲೆಕೋಸಿನ ಹೂರಣ ತುಂಬಿದ ಈ ಬೇಯಿಸಿದ ಕಡುಬುಗಳಿಗೆ ಆಗ ವಿಶೇಷ ಬೇಡಿಕೆ. ನಮ್ಮ ಕೂಟದ ಸಸ್ಯಾಹಾರಿ ಕುಟುಂಬಗಳಲ್ಲಿ ಅನೇಕವು ಇವುಗಳ ರುಚಿಯನ್ನು ಬಲ್ಲವು. ಮಕ್ಕಳಂತೂ ಶಾಲೆಯ ಊಟದಲ್ಲೋ ಅಂಗಡಿಯ ಶೀತಪೆಟ್ಟಿಗೆಯಲ್ಲೋ ಇವನ್ನು ಕಂಡೇ ಬೆಳೆದಿದ್ದಾರೆ.

ಆದರೆ ಈ ತಿನಿಸಿನ ಹಿಂದೆ ದೀರ್ಘವಾದ, ಅಲ್ಲಲ್ಲಿ ಬಹು ನೋವಿನ ಚರಿತ್ರೆಯೊಂದಿದೆ. ಒಂದು ರಾಷ್ಟ್ರ ಭೂಪಟದಿಂದ ಮರೆಯಾಗಿ ಮತ್ತೆ ಮೂಡಿದ್ದು, ಅದರ ಗಡಿಗಳು ಪಶ್ಚಿಮಕ್ಕೆ ಸರಿದದ್ದು, ಹತ್ತಾರು ಲಕ್ಷ ಜನ ಮನೆ ಬಿಟ್ಟು ಹೊರಟದ್ದು, ಇವೆಲ್ಲವೂ ಈ ಚೀಸ್ ಕಡುಬಿನ ಕಥೆಯೊಳಗೆ ಸೇರಿಕೊಂಡಿವೆ. ಆ ಕಥೆಯನ್ನೂ, ಕಡುಬನ್ನು ಮನೆಯಲ್ಲಿ ಮಾಡುವ ಕ್ರಮವನ್ನೂ ಈ ಸಂಚಿಕೆಯಲ್ಲಿ ನಿಮ್ಮ ಮುಂದಿಡುತ್ತಿದ್ದೇವೆ.

ಹೆಸರು ಮತ್ತು ಆಕಾರ

‘ಪಿಯರೋಗಿ’ ಎಂಬುದು ಪೋಲಿಷ್ ಭಾಷೆಯಲ್ಲಿ ಬಹುವಚನ ರೂಪ. ಒಂದೇ ಕಡುಬಾದರೆ ‘ಪಿಯೆರುಗ್’. ಬಟ್ಟಲಿನಲ್ಲಿ ಒಂದೇ ಒಂದು ಇರುವುದು ಅಪರೂಪವಾದ್ದರಿಂದಲೋ ಏನೋ, ಲೋಕಕ್ಕೆ ಪರಿಚಯವಾದದ್ದು ಬಹುವಚನವೇ. ಅಮೆರಿಕನ್ನರು ಅದಕ್ಕೆ ತಮ್ಮದೊಂದು ಬಹುವಚನ ಪ್ರತ್ಯಯವನ್ನೂ ಸೇರಿಸಿ ‘ಪಿಯರೋಗೀಸ್’ ಎನ್ನುತ್ತಾರೆ. ಪ್ರಾಚೀನ ಸ್ಲಾವಿಕ್ ಭಾಷೆಯಲ್ಲಿ ಹಬ್ಬದೂಟ ಎಂಬ ಅರ್ಥದ ‘ಪಿರ್’ ಶಬ್ದ ಇದರ ಮೂಲವೆಂದು ಹೇಳುತ್ತಾರೆ. ಇದೇ ಮೂಲದ ರಷ್ಯನ್ ‘ಪಿರೋಗ್’ ಒಲೆಯಲ್ಲಿ ಸುಡುವ ದೊಡ್ಡ ಕಡುಬು. ಉಕ್ರೇನಿನ ಬಹುಭಾಗದಲ್ಲಿ ಬೇಯಿಸಿದ ಕಡುಬಿಗೆ ‘ವರೆನಿಕಿ’ ಎಂಬ ಹೆಸರಿದ್ದು, ಅದು ‘ಬೇಯಿಸು’ ಎಂಬ ಕ್ರಿಯಾಪದದಿಂದ ಬಂದಿದೆ. ಪಶ್ಚಿಮ ಉಕ್ರೇನಿನಲ್ಲಿ ಅದನ್ನೇ ‘ಪಿರೋಹಿ’ ಎನ್ನುತ್ತಾರೆ.

ಹಿಟ್ಟಿನ ಹಾಳೆಯೊಳಗೆ ಹೂರಣವಿಟ್ಟು ನೀರಿನಲ್ಲಿಯೋ ಹಬೆಯಲ್ಲಿಯೋ ಬೇಯಿಸುವ ಉಪಾಯ ಚೀನಾ, ಟಿಬೆಟ್, ಮಧ್ಯ ಏಷ್ಯಾಗಳಿಂದ ಹಿಡಿದು ಪೂರ್ವ ಯೂರೋಪಿನವರೆಗೆ ಹಬ್ಬಿದೆ. ಕನ್ನಡಿಗರಿಗೂ ಅದು ಹೊಸದಲ್ಲ. ಉತ್ತರ ಕರ್ನಾಟಕದ ಮನೆಗಳಲ್ಲಿ ನಾಗಪಂಚಮಿಗೆ ಮಾಡುವ ಕುಚ್ಚಿದ ಕಡುಬನ್ನು ನೆನಪಿಸಿಕೊಂಡರೆ ಪಿಯರೋಗಿಯ ಆಕಾರ ಕಣ್ಣಿಗೆ ಕಟ್ಟುತ್ತದೆ. ಎರಡರದೂ ಅರ್ಧಚಂದ್ರಾಕೃತಿ, ಎರಡರಲ್ಲೂ ಗೋಧಿಯ ಕಣಕ, ಎರಡಕ್ಕೂ ಬೆರಳಿನಿಂದ ಒತ್ತಿದ ಅಂಚು. ವ್ಯತ್ಯಾಸವಿರುವುದು ಹೂರಣದಲ್ಲಿ. ನಮ್ಮಲ್ಲಿ ಬೇಳೆ ಮತ್ತು ಬೆಲ್ಲ, ಅವರಲ್ಲಿ ಆಲೂಗಡ್ಡೆ ಮತ್ತು ಚೀಸ್.

ಪಿಯರೋಗಿಗೆ ಒಬ್ಬ ಸಂತನ ಐತಿಹ್ಯವೂ ಅಂಟಿಕೊಂಡಿದೆ. 13ನೆಯ ಶತಮಾನದ ಡೊಮಿನಿಕನ್ ಸನ್ಯಾಸಿ ಸಂತ ಯಾತ್ಸೆಕ್ 1257ರಲ್ಲಿ ಕ್ರಾಕೋವ್ ನಗರದಲ್ಲಿ ತೀರಿಕೊಂಡವನು. 1594ರಲ್ಲಿ ಚರ್ಚು ಅವನನ್ನು ಸಂತನೆಂದು ಸಾರಿತು. ಅವನು ಒಂದು ಹಳ್ಳಿಗೆ ಬಂದಾಗ ಆಲಿಕಲ್ಲಿನ ಮಳೆ ಸುರಿದು ಪೈರೆಲ್ಲ ನೆಲಕಚ್ಚಿತಂತೆ. ಸಂತ ಪ್ರಾರ್ಥಿಸಲು ಮರುದಿನ ಪೈರು ಎದ್ದು ನಿಂತಿತಂತೆ. ಕೃತಜ್ಞರಾದ ಹಳ್ಳಿಗರು ಆ ಧಾನ್ಯದ ಹಿಟ್ಟಿನಿಂದಲೇ ಪಿಯರೋಗಿ ಮಾಡಿ ಅವನಿಗೆ ಬಡಿಸಿದರೆಂಬುದು ಕಥೆ. ಇಂದಿಗೂ ಪೋಲೆಂಡಿನ ಹಿರಿಯರು ಅಚ್ಚರಿಯಾದಾಗ ಪಿಯರೋಗಿ ಹಿಡಿದ ಸಂತ ಯಾತ್ಸೆಕನನ್ನು ಕೂಗುವುದುಂಟು; ನಮ್ಮ ಅಜ್ಜಿಯರು ‘ಅಯ್ಯೋ ರಾಮ’ ಎಂದಂತೆ. ಐತಿಹ್ಯವನ್ನು ಚರಿತ್ರೆಯೆಂದು ತೆಗೆದುಕೊಳ್ಳಲಾಗದು. ಆದರೂ ಜನ ಈ ತಿನಿಸನ್ನು ಬರಗಾಲ ಕಳೆದು ಬಂದ ಅನ್ನದೊಂದಿಗೆ ಜೋಡಿಸಿ ನೆನೆದರೆಂಬುದನ್ನು ಅದು ತಿಳಿಸುತ್ತದೆ.

ಅರಮನೆಯ ಪುಸ್ತಕ, ರೈತನ ಒಲೆ

ಪೋಲಿಷ್ ಭಾಷೆಯಲ್ಲಿ ಅಚ್ಚಾಗಿ ನಮಗೆ ಉಳಿದಿರುವ ಮೊದಲ ಪಾಕಗ್ರಂಥ 1682ರದು. ಲುಬೊಮಿರ್ಸ್ಕಿ ಎಂಬ ಶ್ರೀಮಂತ ಮನೆತನದ ಮುಖ್ಯ ಬಾಣಸಿಗನಾಗಿದ್ದ ಸ್ತಾನಿಸ್ವಾಫ್ ಚೆರ್ನ್ಯೆತ್ಸ್ಕಿ ಅದನ್ನು ರಚಿಸಿದ. ಮೀನು, ಮಾಂಸ, ಕೇಸರಿ, ಜಾಯಿಕಾಯಿಗಳಿಂದ ತುಂಬಿದ ಪ್ರಭುಗಳ ಔತಣ ಅದರ ಲೋಕ. ನಾವಿಂದು ತಿನ್ನುವ ಆಲೂಗಡ್ಡೆ ಮತ್ತು ಚೀಸಿನ ಕಡುಬು ಆ ಲೋಕಕ್ಕೆ ಸೇರಿದ್ದಲ್ಲ. ಅದು ರೈತಾಪಿ ಹೆಂಗಸರ ಕೈಯಲ್ಲಿ ರೂಪುಗೊಂಡದ್ದು. ಅವರಾರೂ ಪುಸ್ತಕ ಬರೆದಿಟ್ಟವರಲ್ಲ. ಆದ್ದರಿಂದ ಅದರ ಚರಿತ್ರೆಯನ್ನು ಬೆಳೆ, ಹಸು, ತೆರಿಗೆ ಮತ್ತು ವಲಸೆಗಳ ಚರಿತ್ರೆಯಲ್ಲಿ ಹುಡುಕಬೇಕಾಗುತ್ತದೆ.

ಚೀಸಿನಿಂದಲೇ ಆರಂಭಿಸೋಣ. ಪೋಲೆಂಡಿನ ಮನೆಗಳಲ್ಲಿ ಬಳಸುವ ಹಸಿ ಚೀಸಿಗೆ ‘ತ್ವಾರುಗ್’ ಎಂದು ಹೆಸರು. ರೈತನ ಮನೆಯಲ್ಲಿ ಕೆನೆ ಬೆಣ್ಣೆಯಾಗಿ ಸಂತೆಗೆ ಹೋಗುತ್ತಿತ್ತು. ಉಳಿದ ಹಾಲು ಹುಳಿಯಾಗಿ ತ್ವಾರುಗ್ ಆಗುತ್ತಿತ್ತು. ಅದಕ್ಕೆ ದುಬಾರಿ ಸಲಕರಣೆ ಬೇಡ, ನೆಲಮಾಳಿಗೆಯಲ್ಲಿಟ್ಟು ತಿಂಗಳುಗಟ್ಟಲೆ ಕಾಯಬೇಕಾಗಿಲ್ಲ, ಕರುವಿನ ಜಠರದಿಂದ ತೆಗೆಯುವ ರೆನೆಟ್ ಕೂಡ ಬೇಡ. ಹಾಲಿನಲ್ಲಿ ತಾನಾಗಿ ಹುಟ್ಟುವ ಹುಳಿಯೇ ಅದನ್ನು ಗಟ್ಟಿ ಮಾಡುತ್ತದೆ. ಹಾಲೊಡೆಸಿ ತಿನಿಸು ಮಾಡುವ ವಿದ್ಯೆ ನಮ್ಮ ನಾಡಿನಲ್ಲೂ ಹಳೆಯದು: ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನ 12ನೆಯ ಶತಮಾನದ ‘ಮಾನಸೋಲ್ಲಾಸ’ದಲ್ಲಿ ಒಡೆದ ಹಾಲಿನ ಸಿಹಿತಿನಿಸಿನ ವಿವರಣೆಯಿದೆ.

ಆಲೂಗಡ್ಡೆ ಬಂದದ್ದು ಬಹಳ ತಡವಾಗಿ. 1683ರಲ್ಲಿ ವಿಯೆನ್ನಾ ಯುದ್ಧ ಗೆದ್ದ ದೊರೆ ಯಾನ್ ಸೊಬ್ಯೆಸ್ಕಿ ಅದನ್ನು ತನ್ನ ರಾಣಿಗೆ ಕಳುಹಿಸಿದನೆಂಬ ಪ್ರತೀತಿಯಿದೆ. ಆದರೆ ಅದು ಬಡವರ ಹೊಲಕ್ಕಿಳಿದದ್ದು 18ನೆಯ ಶತಮಾನದ ಉತ್ತರಾರ್ಧದಿಂದ ಈಚೆಗೆ. 19ನೆಯ ಶತಮಾನದ ಹೊತ್ತಿಗೆ ಅದು ಬದುಕಿಗೆ ಆಧಾರವೇ ಆಗಿತ್ತು. ಎಷ್ಟರಮಟ್ಟಿಗೆಂದರೆ, 1840ರ ದಶಕದಲ್ಲಿ ಐರ್ಲೆಂಡನ್ನು ಕಂಗೆಡಿಸಿದ ಆಲೂಗಡ್ಡೆಯ ರೋಗ ಈ ಭಾಗದಲ್ಲೂ ಹಸಿವನ್ನು ತಂದಿತು. ಬೇಯಿಸಿದ ಆಲೂಗಡ್ಡೆಗೆ ಒಂದಿಷ್ಟು ತ್ವಾರುಗ್, ಹುರಿದ ಈರುಳ್ಳಿ, ಉಪ್ಪು ಮತ್ತು ಕರಿಮೆಣಸು ಸೇರಿಸಿದಾಗ ಆಗುವ ಹೂರಣ ಬಡತನದ ಜಾಣ್ಮೆಯ ಫಲ. ಚೀಸ್ ಕಡಿಮೆಯಿದ್ದ ದಿನ ಆಲೂಗಡ್ಡೆ ಹೆಚ್ಚು. ಹಸು ಹೆಚ್ಚು ಹಾಲು ಕೊಟ್ಟ ದಿನ ಚೀಸ್ ಹೆಚ್ಚು.

‘ರುಸ್ಕಿಯೆ’ ಎಂದರೆ ರಷ್ಯದ್ದಲ್ಲ

ಈ ಆಲೂಗಡ್ಡೆ ಮತ್ತು ಚೀಸಿನ ಕಡುಬಿಗೆ ಪೋಲೆಂಡಿನಲ್ಲಿ ‘ಪಿಯರೋಗಿ ರುಸ್ಕಿಯೆ’ ಎಂದು ಹೆಸರು. ಮೊದಲ ಸಲ ಕೇಳಿದವರು ಇದನ್ನು ರಷ್ಯದ ಕಡುಬೆಂದು ತಿಳಿಯುವುದು ಸಹಜ. ವಾಸ್ತವದಲ್ಲಿ ಆಧುನಿಕ ರಷ್ಯಕ್ಕೆ ಸಂಬಂಧಿಸಿದುದನ್ನು ಪೋಲಿಷರು ‘ರೊಸೀಸ್ಕಿ’ ಎನ್ನುತ್ತಾರೆ. ‘ರುಸ್ಕಿಯೆ’ ಎಂಬುದು ‘ರೂಸ್’ ಎಂಬ ಮಧ್ಯಯುಗದ ನಾಡಿನ ಹೆಸರಿನಿಂದ ಬಂದುದು. ಕೀವ್ ನಗರವನ್ನು ಕೇಂದ್ರವಾಗಿ ಹೊಂದಿದ್ದ ಆ ಪ್ರಾಚೀನ ರಾಜ್ಯದ ಪಶ್ಚಿಮ ಭಾಗ 14ನೆಯ ಶತಮಾನದಲ್ಲಿ ಪೋಲೆಂಡಿನ ದೊರೆ ಮಹಾ ಕಾಜಿಮಿಯೆಜನ ವಶಕ್ಕೆ ಬಂತು. 1434ರಿಂದ 1772ರವರೆಗೆ ಅದು ಪೋಲೆಂಡಿನ ‘ರುಸ್ಕಿಯೆ’ ಪ್ರಾಂತವಾಗಿತ್ತು. ಲ್ವೋವ್ ಅದರ ರಾಜಧಾನಿ. ಇಂದು ಅದು ಉಕ್ರೇನಿನ ಲ್ವಿವ್ ನಗರ.

1772ರಲ್ಲಿ ರಷ್ಯಾ, ಪ್ರಷ್ಯಾ ಮತ್ತು ಆಸ್ಟ್ರಿಯಾಗಳು ಪೋಲೆಂಡನ್ನು ಹಂಚಿಕೊಳ್ಳಲು ತೊಡಗಿದವು. 1793 ಮತ್ತು 1795ರ ವಿಭಜನೆಗಳ ನಂತರ ಪೋಲೆಂಡ್ ಎಂಬ ರಾಷ್ಟ್ರವೇ ಭೂಪಟದಲ್ಲಿ ಇಲ್ಲವಾಗಿ, 1918ರಲ್ಲಿ ಮತ್ತೆ ತಲೆಯೆತ್ತಿತು. ಲ್ವೋವ್ ಸೀಮೆ ಆಸ್ಟ್ರಿಯಾದ ಪಾಲಿಗೆ ಹೋಗಿ ‘ಗಲೀಷಿಯಾ’ ಎಂಬ ಹೊಸ ಹೆಸರು ಪಡೆಯಿತು. ಅಲ್ಲಿನ ಬಡತನ ಎಷ್ಟು ಕುಖ್ಯಾತವಾಗಿತ್ತೆಂದರೆ, 1888ರಲ್ಲಿ ಸ್ತಾನಿಸ್ವಾಫ್ ಶ್ಚೆಪನೊವ್‌ಸ್ಕಿ ಎಂಬ ಅರ್ಥಶಾಸ್ತ್ರಜ್ಞ ‘ಗಲೀಷಿಯಾದ ದಾರಿದ್ರ್ಯ’ವನ್ನೇ ವಿಷಯವಾಗಿಟ್ಟುಕೊಂಡು ಒಂದು ಗ್ರಂಥ ಬರೆದ.

ಆ ಸೀಮೆಯ ಊರುಗಳಲ್ಲಿ ಪೋಲಿಷರು, ಉಕ್ರೇನಿಯನ್ನರು ಮತ್ತು ಯಹೂದ್ಯರು ಒಟ್ಟಾಗಿ ಬಾಳಿದ್ದರು. ಒಂದು ಬೀದಿಯಲ್ಲಿ ಪಿಯರೋಗಿ, ಇನ್ನೊಂದರಲ್ಲಿ ಪಿರೋಹಿ, ಮತ್ತೊಂದರಲ್ಲಿ ಯಹೂದ್ಯರ ‘ಕ್ರೆಪ್ಲಖ್’. ವಸಂತದ ಕೊನೆಗೆ ಬರುವ ಶಾವುಓತ್ ಹಬ್ಬಕ್ಕೆ ಯಹೂದ್ಯರ ಅನೇಕ ಮನೆಗಳಲ್ಲಿ ಅದಕ್ಕೂ ಚೀಸೇ ಹೂರಣ. ಮೂವರ ಹಿಟ್ಟೂ ಒಂದೇ ಸಂತೆಯಿಂದ ಬರುತ್ತಿತ್ತು. ಕಡುಬು ಯಾರದು ಎಂಬ ಪ್ರಶ್ನೆಗೆ ಆ ಬೀದಿಗಳಲ್ಲಿ ಒಂದೇ ಉತ್ತರ ದೊರೆಯುವ ಸಂಭವವಿರಲಿಲ್ಲ.

ಮನೆ ಬಿಟ್ಟು ಹೊರಟವರು

1939ರ ಸೆಪ್ಟೆಂಬರಿನಲ್ಲಿ ಪಶ್ಚಿಮದಿಂದ ಹಿಟ್ಲರನ ಸೇನೆ, ಪೂರ್ವದಿಂದ ಸೋವಿಯತ್ ಸೇನೆ ಪೋಲೆಂಡನ್ನು ಹೊಕ್ಕವು. ಪೂರ್ವಭಾಗದ ಲಕ್ಷಾಂತರ ಪೋಲಿಷ್ ನಾಗರಿಕರನ್ನು 1940 ಮತ್ತು 1941ರಲ್ಲಿ ಸೈಬೀರಿಯಾ, ಕಝಾಕ್‌ಸ್ತಾನಗಳಿಗೆ ರೈಲುಗಳಲ್ಲಿ ಸಾಗಿಸಲಾಯಿತು. ಯುದ್ಧಕ್ಕೆ ಮುಂಚೆ ಲ್ವೋವಿನ ಜನಸಂಖ್ಯೆಯಲ್ಲಿ ಸುಮಾರು ಮೂರನೆಯ ಒಂದು ಭಾಗದಷ್ಟಿದ್ದ ಯಹೂದ್ಯರನ್ನು ನಾತ್ಸಿಗಳು ಕೊಂದರು. ಆ ಮೂರನೆಯ ಬೀದಿಯ ಒಲೆಗಳು ಆರಿಹೋದವು.

1945ರ ಯಾಲ್ಟಾ ಒಪ್ಪಂದದ ನಂತರ ಪೋಲೆಂಡಿನ ಗಡಿಗಳು ಪಶ್ಚಿಮಕ್ಕೆ ಸರಿದವು. ಲ್ವೋವ್ ಸೋವಿಯತ್ ಉಕ್ರೇನಿಗೆ ಸೇರಿತು. ಜರ್ಮನಿಯ ಬ್ರೆಸ್ಲೌ ನಗರ ಪೋಲೆಂಡಿನ ವ್ರೋತ್ಸ್ವಾಫ್ ಆಯಿತು; ಅಲ್ಲಿನ ಜರ್ಮನ್ ಜನರನ್ನು ಹೊರಗಟ್ಟಲಾಯಿತು. 1944 ಮತ್ತು 1946ರ ನಡುವೆ ಪೂರ್ವದ ಹತ್ತು ಲಕ್ಷಕ್ಕೂ ಹೆಚ್ಚು ಪೋಲಿಷರು ಗಂಟುಮೂಟೆ ಕಟ್ಟಿಕೊಂಡು, ಕೆಲವರು ಹಸುಗಳನ್ನೂ ಸರಕುರೈಲಿಗೆ ಹತ್ತಿಸಿಕೊಂಡು, ಕಂಡರಿಯದ ಪಶ್ಚಿಮದ ಊರುಗಳಿಗೆ ಬಂದಿಳಿದರು. ಅದೇ ಅವಧಿಯಲ್ಲಿ ಪೋಲೆಂಡಿನಿಂದ ಸುಮಾರು 4.8 ಲಕ್ಷ ಉಕ್ರೇನಿಯನ್ನರನ್ನು ಸೋವಿಯತ್ ಉಕ್ರೇನಿಗೆ ಕಳುಹಿಸಲಾಯಿತು. 1947ರಲ್ಲಿ ‘ವಿಸ್ತುಲಾ ಕಾರ್ಯಾಚರಣೆ’ ಎಂಬ ಹೆಸರಿನಲ್ಲಿ, ಉಳಿದಿದ್ದ ಉಕ್ರೇನಿಯನ್ನರು ಹಾಗೂ ಲೆಮ್ಕೊ ಜನರಲ್ಲಿ ಸುಮಾರು 1.4 ಲಕ್ಷ ಮಂದಿಯನ್ನು ಬಲವಂತದಿಂದ ಉತ್ತರ ಮತ್ತು ಪಶ್ಚಿಮ ಪೋಲೆಂಡಿನಲ್ಲಿ ಚದುರಿಸಲಾಯಿತು.

ಗಡಿ ಸರಿಯುವುದೆಂದರೇನೆಂದು ಕನ್ನಡಿಗರು ಅರಿಯದವರಲ್ಲ. 1956ರ ರಾಜ್ಯ ಪುನರ್ವಿಂಗಡಣೆಯಲ್ಲಿ ಕಾಸರಗೋಡು, ಸೊಲ್ಲಾಪುರಗಳ ಕನ್ನಡ ಮನೆಗಳು ಗಡಿಯಾಚೆ ಉಳಿದ ನೋವು ನಮ್ಮ ಹಿರಿಯರಲ್ಲಿ ಇನ್ನೂ ಇದೆ. ಆದರೆ ನಮ್ಮಲ್ಲಿ ಗಡಿರೇಖೆ ಸರಿದರೂ ಜನ ತಮ್ಮ ಮನೆಯಲ್ಲೇ ಉಳಿದರು. ಪೋಲೆಂಡಿನಲ್ಲಿ ರೇಖೆಯೊಂದಿಗೆ ಜನರನ್ನೂ ಕಿತ್ತು ಸಾಗಿಸಲಾಯಿತು.

ಹೀಗೆ ಸಾಗಿಬಂದವರೊಡನೆ ಅವರ ಅಡುಗೆಯೂ ಬಂತು. ಯುದ್ಧಕ್ಕೆ ಮುಂಚೆ ಮುಖ್ಯವಾಗಿ ಗಲೀಷಿಯಾದ ತಿನಿಸಾಗಿದ್ದ ರುಸ್ಕಿಯೆ ಕಡುಬು ಕೆಲವೇ ದಶಕಗಳಲ್ಲಿ ಇಡೀ ಪೋಲೆಂಡಿನ ತಿನಿಸಾಯಿತು. ಲ್ವೋವಿನ ವಿಖ್ಯಾತ ಒಸ್ಸೊಲಿನೇವುಮ್ ಗ್ರಂಥಾಲಯದ ಸಂಗ್ರಹದಲ್ಲಿ ಒಂದು ಭಾಗವಷ್ಟೇ ವ್ರೋತ್ಸ್ವಾಫ್ ತಲುಪಿತು, ಅದೂ ಸರ್ಕಾರಗಳ ನಡುವಿನ ಮಾತುಕತೆಯ ನಂತರ. ಕಡುಬು ಮಾಡುವ ಬಗೆಗೆ ಅಂಥ ಪರವಾನಗಿ ಬೇಕಾಗಲಿಲ್ಲ. ಹಿಟ್ಟನ್ನು ಎಷ್ಟು ನಾದಬೇಕು, ಅಂಚನ್ನು ಹೇಗೆ ಒತ್ತಬೇಕು ಎಂಬುದು ತಾಯಂದಿರ ಕೈಯಲ್ಲೇ ಇತ್ತು.

ಕೊಲ್ಹಾಪುರದ ಪಕ್ಕದ ಪೋಲಿಷ್ ಊರು

ಈ ಕಥೆಯ ಒಂದು ಎಳೆ ನಮ್ಮ ನಾಡಿನ ಬಾಗಿಲವರೆಗೂ ಬಂದಿತ್ತು. 1941ರಲ್ಲಿ ಹಿಟ್ಲರ್ ಸೋವಿಯತ್ ದೇಶದ ಮೇಲೆ ದಂಡೆತ್ತಿ ಬಂದ ಮೇಲೆ, ಸೈಬೀರಿಯಾಕ್ಕೆ ಸಾಗಿಸಲ್ಪಟ್ಟಿದ್ದ ಪೋಲಿಷರಿಗೆ ಹೊರಡಲು ಅನುಮತಿ ದೊರೆಯಿತು. 1942ರಲ್ಲಿ ಲಕ್ಷಕ್ಕೂ ಹೆಚ್ಚು ಮಂದಿ ಸೈನಿಕರು, ಹೆಂಗಸರು ಮತ್ತು ಮಕ್ಕಳು ಇರಾನನ್ನು ತಲುಪಿದರು. ಅವರಲ್ಲಿ ಅನಾಥ ಮಕ್ಕಳಿಗೆ ನವಾನಗರದ ಜಾಮ್ ಸಾಹೇಬ್ ದಿಗ್ವಿಜಯಸಿಂಹಜಿ ಅವರು ಜಾಮ್‌ನಗರದ ಬಳಿಯ ಬಾಲಾಚಡಿಯಲ್ಲಿ ಆಶ್ರಯ ಕೊಟ್ಟರು. ಅದಕ್ಕಿಂತ ಬಹು ದೊಡ್ಡ ಶಿಬಿರವೊಂದು 1943ರಲ್ಲಿ ಕೊಲ್ಹಾಪುರ ಸಂಸ್ಥಾನದ ವಳಿವಡೆಯಲ್ಲಿ ತಲೆಯೆತ್ತಿತು. ಬೆಳಗಾವಿಯಿಂದ ನೂರು ಕಿಲೋಮೀಟರಿಗಿಂತ ತುಸು ಹೆಚ್ಚು ದೂರದಲ್ಲಿ, 1948ರವರೆಗೆ, ಸುಮಾರು ಐದು ಸಾವಿರ ಪೋಲಿಷರು, ಹೆಚ್ಚಿನವರು ಹೆಂಗಸರು ಮತ್ತು ಮಕ್ಕಳು, ಶಾಲೆ, ಚರ್ಚು, ಆಸ್ಪತ್ರೆಗಳನ್ನು ಕಟ್ಟಿಕೊಂಡು ಬಾಳಿದರು.

ಇವರಲ್ಲಿ ಬಹುಪಾಲು ಜನ ಪೋಲೆಂಡಿನ ಅದೇ ಪೂರ್ವ ಸೀಮೆಯವರು. ಯುದ್ಧ ಮುಗಿದಾಗ ಅವರ ಊರುಗಳು ಪೋಲೆಂಡಿನಲ್ಲಿ ಇರಲಿಲ್ಲ. ಕೆಲವರು ಹೊಸ ಗಡಿಗಳ ಪೋಲೆಂಡಿಗೆ ಮರಳಿದರು. ಅನೇಕರು ಬ್ರಿಟನ್, ಆಸ್ಟ್ರೇಲಿಯಾ, ಕೆನಡಾ, ಅಮೆರಿಕಗಳಿಗೆ ಚದುರಿದರು. ಇಂದು ವಾರ್ಸಾ ನಗರದಲ್ಲಿ ಜಾಮ್ ಸಾಹೇಬರ ನೆನಪಿಗೆ ‘ಒಳ್ಳೆಯ ಮಹಾರಾಜ’ನ ಹೆಸರಿನ ಚೌಕವಿದೆ, ಕೊಲ್ಹಾಪುರದ ಉಪಕಾರವನ್ನು ಸ್ಮರಿಸುವ ಸ್ಮಾರಕವೂ ಇದೆ. ನಮ್ಮ ನೆರೆಯ ಪೋಲಿಷ್ ಮೂಲದ ಹಿರಿಯರೊಬ್ಬರು ಭಾರತದ ಹೆಸರು ಕೇಳಿದೊಡನೆ ಕೊಲ್ಹಾಪುರವನ್ನು ನೆನೆದರೆ, ಅದರ ಕಾರಣ ಇಲ್ಲಿದೆ.

ಹಾಲಿನ ಬಾರು, ಪಡಿತರದ ದಿನಗಳು

ಯುದ್ಧಾನಂತರದ ಪೋಲೆಂಡಿನಲ್ಲಿ ಚೀಸ್ ಕಡುಬನ್ನು ನಾಡಿನ ಮೂಲೆಮೂಲೆಗೆ ಮುಟ್ಟಿಸಿದ ಇನ್ನೊಂದು ವ್ಯವಸ್ಥೆ ‘ಬಾರ್ ಮ್ಲೆಚ್ನಿ’, ಅಂದರೆ ಹಾಲಿನ ಬಾರು. ಹೆಸರಿನಲ್ಲಿ ಬಾರು ಇದ್ದರೂ ಅಲ್ಲಿ ಮದ್ಯಕ್ಕೆ ಎಡೆಯಿಲ್ಲ. ಹಾಲು, ಮೊಟ್ಟೆ ಮತ್ತು ಹಿಟ್ಟಿನ ಅಗ್ಗದ ಊಟ ಕೊಡುವ ಇಂಥ ಮೊದಲ ಊಟದ ಮನೆಯನ್ನು 1896ರಲ್ಲಿ ಸ್ತಾನಿಸ್ವಾಫ್ ದ್ವುಜೆವ್‌ಸ್ಕಿ ಎಂಬ ಜಮೀನುದಾರರು ವಾರ್ಸಾದಲ್ಲಿ ತೆರೆದರು. 1945ರ ನಂತರ ಕಮ್ಯುನಿಸ್ಟ್ ಸರ್ಕಾರ ಇವುಗಳಿಗೆ ಸಹಾಯಧನ ಕೊಟ್ಟು ದೇಶದಾದ್ಯಂತ ಬೆಳೆಸಿತು. ಕಾರ್ಮಿಕರು, ವಿದ್ಯಾರ್ಥಿಗಳು, ನಿವೃತ್ತರು ಒಂದೇ ಸಾಲಿನಲ್ಲಿ ನಿಂತು ರುಸ್ಕಿಯೆ ಕಡುಬನ್ನೂ, ಸಿಹಿ ಚೀಸಿನ ಕಡುಬನ್ನೂ, ‘ಲೆನೀವೆ’ಯನ್ನೂ ಪಡೆಯುತ್ತಿದ್ದರು. ‘ಲೆನೀವೆ’ ಎಂದರೆ ಸೋಮಾರಿ. ಹೂರಣ ತುಂಬುವ ಶ್ರಮವಿಲ್ಲದೆ ಚೀಸ್ ಮತ್ತು ಹಿಟ್ಟನ್ನು ಒಟ್ಟಿಗೇ ಕಲಸಿ, ಹೊಸೆದು, ಓರೆಯಾಗಿ ಕತ್ತರಿಸಿ ಬೇಯಿಸುವುದರಿಂದ ಆ ಹೆಸರು.

1981ರಿಂದ 1989ರವರೆಗೆ ಪೋಲೆಂಡಿನಲ್ಲಿ ಮಾಂಸ ಪಡಿತರ ಚೀಟಿಗೆ ಮಾತ್ರ ದೊರೆಯುತ್ತಿತ್ತು. ಅಂಥ ದಿನಗಳಲ್ಲಿ ಹಿಟ್ಟು, ಆಲೂಗಡ್ಡೆ ಮತ್ತು ತ್ವಾರುಗ್ ಮನೆಯನ್ನು ನಡೆಸಿದವು. ಇಂದು ಐವತ್ತು ದಾಟಿದ ಪೋಲಿಷರಿಗೆ ಈ ಕಡುಬು ಬಾಲ್ಯದ ಕೊರತೆಯ ನೆನಪೂ ಹೌದು, ಆ ಕೊರತೆಯನ್ನು ಮಕ್ಕಳಿಗೆ ಕಾಣಗೊಡದೆ ಹೊಟ್ಟೆ ತುಂಬಿಸಿದ ತಾಯಿಯ ನೆನಪೂ ಹೌದು.

ಸಾಗರದ ಈಚೆಗೆ

19ನೆಯ ಶತಮಾನದ ಕೊನೆಯ ದಶಕಗಳಿಂದ ಮೊದಲ ಮಹಾಯುದ್ಧದವರೆಗೆ ಲಕ್ಷಾಂತರ ಪೋಲಿಷರು ಅಮೆರಿಕಕ್ಕೆ ಬಂದರು. ಪೆನ್ಸಿಲ್ವೇನಿಯಾದ ಕಲ್ಲಿದ್ದಲ ಗಣಿಗಳಲ್ಲಿ, ಪಿಟ್ಸ್‌ಬರ್ಗಿನ ಉಕ್ಕಿನ ಕಾರ್ಖಾನೆಗಳಲ್ಲಿ, ಷಿಕಾಗೊದ ಕಸಾಯಿಖಾನೆಗಳಲ್ಲಿ ದುಡಿದರು. ಉಕ್ರೇನಿಯನ್ನರು, ಸ್ಲೋವಾಕರೂ ಅವರ ಜೊತೆಗಿದ್ದರು. ಅವರು ಕಟ್ಟಿದ ಚರ್ಚುಗಳ ಸಾಲ ತೀರಿಸಲು ಹೆಂಗಸರು ನೆಲಮಾಳಿಗೆಗಳಲ್ಲಿ ಸಾಲಾಗಿ ಕುಳಿತು ಪಿಯರೋಗಿ ಒತ್ತಿದರು. ಅವರ ಹೆಸರುಗಳು ಚರ್ಚಿನ ಕಲ್ಲುಗಳ ಮೇಲೆ ಕಾಣುವುದು ವಿರಳ. ಕಟ್ಟಡ ನಿಂತಿದೆ, ಶುಕ್ರವಾರದ ಮಾರಾಟ ನಡೆದಿದೆ.

1952ರಲ್ಲಿ ಪೆನ್ಸಿಲ್ವೇನಿಯಾದ ಶೆನಾಂಡೋವ ಎಂಬ ಗಣಿಯೂರಿನಲ್ಲಿ ಟೆಡ್ ತ್ವಾರ್ಜಿಕ್ ಎಂಬವರು ತಮ್ಮ ತಾಯಿಯ ಪಾಕವನ್ನು ಆಧರಿಸಿ ‘ಮಿಸೆಸ್ ಟೀಸ್’ ಉದ್ಯಮವನ್ನು ಆರಂಭಿಸಿದರು. ಇಂದು ನಮ್ಮ ಅಂಗಡಿಗಳ ಶೀತಪೆಟ್ಟಿಗೆಗಳಲ್ಲಿ ಸಿಗುವುದು ಹೆಚ್ಚಾಗಿ ಅದೇ. ಪಿಟ್ಸ್‌ಬರ್ಗಿನ ಬೇಸ್‌ಬಾಲ್ ಪಂದ್ಯಗಳ ನಡುವೆ ಪಿಯರೋಗಿಯ ವೇಷ ತೊಟ್ಟವರ ಓಟವನ್ನು ನೋಡಿ ನಮ್ಮ ಮಕ್ಕಳು ನಕ್ಕದ್ದೂ ಉಂಟು.

ಮತ್ತೆ 2022ರಲ್ಲಿ ಹೆಸರಿನ ಪ್ರಶ್ನೆ ಎದ್ದಿತು. ಆ ವರ್ಷದ ಫೆಬ್ರುವರಿಯಲ್ಲಿ ರಷ್ಯಾ ಉಕ್ರೇನಿನ ಮೇಲೆ ಆಕ್ರಮಣ ಮಾಡಿದಾಗ, ಪೋಲೆಂಡಿನ ಹಲವು ಊಟದ ಮನೆಗಳು ‘ರುಸ್ಕಿಯೆ’ ಎಂಬುದನ್ನು ಅಳಿಸಿ ‘ಉಕ್ರೇನಿನ ಕಡುಬು’, ‘ಗಲೀಷಿಯಾದ ಕಡುಬು’ ಎಂದು ಬರೆದವು. ಆಡುಮಾತಿನಲ್ಲಿ ‘ರುಸ್ಕಿ’ ಶಬ್ದ ರಷ್ಯನ್ನರ ಬಗ್ಗೆ ತಿರಸ್ಕಾರದಿಂದ ಬಳಕೆಯಾಗುವುದರಿಂದ ಗೊಂದಲ ಸಹಜವೇ ಆಗಿತ್ತು. ಭಾಷಾತಜ್ಞರು ಇದು ರಷ್ಯದ ಹೆಸರಲ್ಲವೆಂದು ತಿಳಿಹೇಳಿದರು. ಹೆಸರು ಬದಲಿಸಿದವರು ಉಕ್ರೇನಿನ ನಿರಾಶ್ರಿತರ ಪರ ನಿಲ್ಲಬಯಸಿದವರು. ಹಳೆಯ ಹೆಸರನ್ನು ಉಳಿಸಿಕೊಂಡವರಾದರೋ ಕಳೆದುಹೋದ ಊರಿನ ಹೆಸರನ್ನು ಬಾಯಿಂದ ಬಿಡಲೊಲ್ಲದವರು. ಇಬ್ಬರ ಮಾತಿನಲ್ಲೂ ನ್ಯಾಯವಿದೆಯೆಂದು ನಮಗೆ ತೋರುತ್ತದೆ.

ಮನೆಯಲ್ಲಿ ಮಾಡುವ ಕ್ರಮ

ಮೊದಲು ತ್ವಾರುಗ್. ಎರಡು ಲೀಟರ್ ಕೆನೆಭರಿತ ಹಾಲನ್ನು ಉಗುರುಬೆಚ್ಚಗೆ ಮಾಡಿ, ಮಜ್ಜಿಗೆಯನ್ನೋ ಮನೆಯ ಮೊಸರನ್ನೋ ಹೆಪ್ಪು ಹಾಕಿ ಒಂದು ದಿನ ಬಿಡಬೇಕು. ಗಟ್ಟಿಯಾಗಿ ಹೆಪ್ಪುಗಟ್ಟಿದ ಮೇಲೆ ಪಾತ್ರೆಯನ್ನು ಅತಿ ಸಣ್ಣ ಉರಿಯಲ್ಲಿಡಬೇಕು. ಕೈಗೆ ಬಿಸಿಯೆನಿಸುವಷ್ಟು ಕಾದರೆ ಸಾಕು, ಕುದಿಯಕೂಡದು. ಕುದಿದರೆ ಚೀಸ್ ಮರಳುಮರಳಾಗಿ ಬಿರುಸಾಗುತ್ತದೆ. ತಿಳಿನೀರು ಬೇರ್ಪಟ್ಟೊಡನೆ ತೆಳುಬಟ್ಟೆಯಲ್ಲಿ ಸೋಸಿ, ಗಂಟು ಕಟ್ಟಿ ಕೆಲವು ಗಂಟೆ ತೂಗುಹಾಕಿದರೆ ಸುಮಾರು 350 ಗ್ರಾಂ ತ್ವಾರುಗ್ ದೊರೆಯುತ್ತದೆ. ಕುದಿವ ಹಾಲಿಗೆ ನಿಂಬೆರಸ ಹಿಂಡಿ ಮಾಡುವ ಪನೀರಿಗೂ ಇದಕ್ಕೂ ಇರುವ ಭೇದ ಇಷ್ಟೇ: ಇಲ್ಲಿ ಹುಳಿ ಹಾಲಿನೊಳಗೇ ಹುಟ್ಟಿದ್ದು, ಆದ್ದರಿಂದ ರುಚಿಯಲ್ಲಿ ಮೊಸರಿನ ಹುಳಿಯಿದೆ. ಸಪ್ಪೆ ಪನೀರನ್ನು ಬಳಸಿದರೆ ಆ ರುಚಿ ಬಾರದು.

ಹೂರಣಕ್ಕೆ ಅರ್ಧ ಕಿಲೋ ಆಲೂಗಡ್ಡೆಯನ್ನು ಬೇಯಿಸಿ, ಬಿಸಿಯಾಗಿರುವಾಗಲೇ ನುಣ್ಣಗೆ ಅರೆದು ಆರಲು ಬಿಡಬೇಕು. 250 ಗ್ರಾಂ ತ್ವಾರುಗ್, ಬೆಣ್ಣೆಯಲ್ಲಿ ಕಂದುಬಣ್ಣಕ್ಕೆ ಹುರಿದ ಎರಡು ಈರುಳ್ಳಿ, ಉಪ್ಪು ಮತ್ತು ಧಾರಾಳವಾಗಿ ಕರಿಮೆಣಸಿನ ಪುಡಿ ಬೆರೆಸಬೇಕು. ಹಸಿಮೆಣಸಿನಕಾಯಿ, ಕೊತ್ತಂಬರಿ ಸೇರಿಸಲು ಕೈ ತುಡಿಯುವುದು ಸಹಜ. ಮೊದಲ ಸಲವಾದರೂ ಅವನ್ನು ಬಿಟ್ಟು ಮಾಡಿ ನೋಡಿ ಎಂಬುದು ನಮ್ಮ ವಿನಂತಿ.

ಕಣಕಕ್ಕೆ ಅರ್ಧ ಕಿಲೋ ಮೈದಾ, ಅರ್ಧ ಚಮಚ ಉಪ್ಪು, ಎರಡು ದೊಡ್ಡ ಚಮಚ ಎಣ್ಣೆ ಅಥವಾ ಕರಗಿಸಿದ ಬೆಣ್ಣೆ, ಸುಮಾರು 250 ಮಿಲಿಲೀಟರ್ ಬಿಸಿನೀರು. ಬಿಸಿನೀರಿನಿಂದ ಹಿಟ್ಟು ಅರೆಬೆಂದು ಮೆದುವಾಗುತ್ತದೆ. ಅಕ್ಕಿಹಿಟ್ಟನ್ನು ಉಕ್ಕರಿಸಿ ಕಡುಬು ಮಾಡುವವರಿಗೆ ಈ ಮರ್ಮ ತಿಳಿದೇ ಇದೆ. ಚೆನ್ನಾಗಿ ನಾದಿ ಅರ್ಧ ಗಂಟೆ ಮುಚ್ಚಿಡಿ. ಕೆಲವರು ಮೊಟ್ಟೆ ಸೇರಿಸುತ್ತಾರೆ. ಅದಿಲ್ಲದೆಯೂ ಕಣಕ ಚೆನ್ನಾಗಿಯೇ ಬರುತ್ತದೆ.

ಕಣಕವನ್ನು ತೆಳ್ಳಗೆ ಲಟ್ಟಿಸಿ, ಲೋಟದ ಬಾಯಿಂದ ದುಂಡಗೆ ಕತ್ತರಿಸಿ, ನಡುವೆ ಒಂದು ಚಮಚ ಹೂರಣವಿಟ್ಟು ಮಡಿಚಿ ಅಂಚನ್ನು ಬಿಗಿಯಾಗಿ ಒತ್ತಬೇಕು. ಒಳಗೆ ಗಾಳಿ ಉಳಿದರೆ, ಇಲ್ಲವೇ ಅಂಚಿಗೆ ಹೂರಣ ತಾಗಿದರೆ, ಕಡುಬು ನೀರಿನಲ್ಲಿ ಬಿರಿಯುತ್ತದೆ. ಕುದಿಯುವ ಉಪ್ಪುನೀರಿನಲ್ಲಿ ಕೆಲವನ್ನೇ ಒಮ್ಮೆಗೆ ಹಾಕಿ, ಮೇಲೆ ತೇಲಿಬಂದ ನಂತರ ಎರಡು ಮೂರು ನಿಮಿಷ ಬೇಯಿಸಿ ಜಾಲರಿ ಸೌಟಿನಿಂದ ತೆಗೆಯಬೇಕು. ಮೇಲೆ ಬೆಣ್ಣೆಯಲ್ಲಿ ಹುರಿದ ಈರುಳ್ಳಿ, ಪಕ್ಕದಲ್ಲಿ ಹುಳಿಕೆನೆ. ಮರುದಿನಕ್ಕೆ ಉಳಿದರೆ ಬಾಣಲೆಯಲ್ಲಿ ಬೆಣ್ಣೆ ಹಾಕಿ ಎರಡೂ ಬದಿ ಕೆಂಪಗೆ ಮಾಡಿಕೊಳ್ಳಬಹುದು. ಸಿಹಿ ಬೇಕೆಂದರೆ ಆಲೂಗಡ್ಡೆ ಬಿಟ್ಟು, ತ್ವಾರುಗ್‌ಗೆ ಸಕ್ಕರೆ ಮತ್ತು ಒಣದ್ರಾಕ್ಷಿ ಬೆರೆಸಿ ತುಂಬಬಹುದು.

ಸಸ್ಯಾಹಾರಿಗಳಿಗೆ ಒಂದು ಮಾತು. ಹೊರಗೆ ಕೊಳ್ಳುವಾಗ ಮೇಲೆ ಹಾಕುವ ಹುರಿದ ಚೂರುಗಳು ಹಂದಿಯ ಕೊಬ್ಬಿನವೇ ಎಂದು ಕೇಳಿ ತಿಳಿದುಕೊಳ್ಳಿ. ಪೋಲೆಂಡಿನಲ್ಲಿ ಅದು ವಾಡಿಕೆ. ಅಂಗಡಿಯ ಚೀಸಿನಲ್ಲಿ ರೆನೆಟ್ ಇದೆಯೇ ಎಂಬುದನ್ನೂ ಪೊಟ್ಟಣದ ಮೇಲೆ ಓದಿಕೊಳ್ಳುವುದು ಒಳ್ಳೆಯದು.

ನಮ್ಮ ಕಡುಬಿನ ಲೆಕ್ಕ

ಮೇಲೆ ಹೇಳಿದ ಅಳತೆಯಿಂದ ಐವತ್ತಕ್ಕೂ ಹೆಚ್ಚು ಕಡುಬುಗಳಾಗುತ್ತವೆ. ಒಬ್ಬರೇ ಮಾಡಿದರೆ ಬೆನ್ನು ನೋಯುತ್ತದೆ. ನಾಲ್ವರು ಕುಳಿತರೆ ಮಾತು ಮುಗಿಯುವ ಮುಂಚೆ ಕೆಲಸ ಮುಗಿಯುತ್ತದೆ. ಪಿಯರೋಗಿ ಇಷ್ಟೊಂದು ವಿಭಜನೆ ಮತ್ತು ವಲಸೆಗಳನ್ನು ದಾಟಿ ಉಳಿಯಲು ಇದೂ ಒಂದು ಕಾರಣವೆಂದು ನಾವು ಭಾವಿಸುತ್ತೇವೆ. ಅಜ್ಜಿ, ತಾಯಿ ಮತ್ತು ಮಗು ಒಂದೇ ಮೇಜಿನ ಸುತ್ತ ಕುಳಿತು ಮಾಡುವ ತಿನಿಸಿನಲ್ಲಿ ಕಲಿಸುವುದು, ಕಲಿಯುವುದು ಬೇರೆಯಾಗಿ ಇರುವುದಿಲ್ಲ. ಅಮೆರಿಕದ ಪೋಲಿಷ್ ಕುಟುಂಬಗಳಲ್ಲಿ ನಾಲ್ಕನೆಯ ತಲೆಮಾರಿನವರು ಅನೇಕರು ಪೋಲಿಷ್ ಮಾತನ್ನು ಮರೆತಿದ್ದಾರೆ. ಕಡುಬಿನ ಅಂಚು ಒತ್ತುವುದನ್ನು ಮರೆತಿಲ್ಲ. ಇದರಲ್ಲಿ ನಮಗೆ ಸಮಾಧಾನವೂ ಇದೆ, ಎಚ್ಚರಿಕೆಯೂ ಇದೆ: ಕೈಯಲ್ಲಿ ಉಳಿಯುವುದು ಎಷ್ಟೋ ಕಾಲ ಉಳಿಯುತ್ತದೆ, ಮಾತಿಗೆ ಬೇರೆಯದೇ ಆರೈಕೆ ಬೇಕು.

ಆದ್ದರಿಂದ ಎರಡು ಕೋರಿಕೆಗಳು. ಮುಂದಿನ ರಜೆಯ ದಿನ ಮಕ್ಕಳನ್ನೂ ಕೂರಿಸಿಕೊಂಡು ಈ ಪಿಯರೋಗಿಯನ್ನು ಮಾಡಿ ನೋಡಿ. ನೆರೆಯಲ್ಲಿ ಪೋಲಿಷ್ ಅಥವಾ ಉಕ್ರೇನಿಯನ್ ಮೂಲದವರಿದ್ದರೆ ಒಂದು ತಟ್ಟೆ ಕಳುಹಿಸಿ, ಅವರ ಮನೆಯ ಕ್ರಮವನ್ನು ಕೇಳಿ. ಎರಡನೆಯದು: ನಿಮ್ಮ ಮನೆಯ ಕಡುಬು, ಅದು ಮಲೆನಾಡಿನದಾಗಲಿ, ಕರಾವಳಿಯದಾಗಲಿ, ಬಯಲುಸೀಮೆಯದಾಗಲಿ, ಯಾವ ಹಬ್ಬಕ್ಕೆ, ಯಾರ ಕೈಯಿಂದ, ಯಾವ ಅಳತೆಯಲ್ಲಿ ಬಂತೆಂಬುದನ್ನು ಕನ್ನಡದಲ್ಲಿ ಬರೆದು ನಮಗೆ ಕಳುಹಿಸಿ. ‘ಒಂದು ಹಿಡಿ’, ‘ಕಣ್ಣಳತೆ’ ಎಂದು ಅಮ್ಮ ಹೇಳಿದ್ದರೆ, ಆ ಹಿಡಿಯನ್ನು ಒಮ್ಮೆ ತೂಗಿ ಬರೆಯಿರಿ. ಬಂದ ಬರಹಗಳನ್ನೆಲ್ಲ ಮುಂದಿನ ಸಂಚಿಕೆಗಳಲ್ಲಿ ಪ್ರಕಟಿಸುತ್ತೇವೆ.